ಬಿಸಿಲು ಹಿಡಿಯುವ ಕೆಲಸ

ನನ್ನ ಕೆಲಸ ಬಿಸಿಲು ಹಿಡಿಯೋದು.
ಅವ್ವ ನಂಬಲಿಲ್ಲ,
ದಿನಕ್ಕೆ ಆರಾಣೆ ಅಂದಮೇಲೆ ನಂಬಿದಳು.
ಆಳೆತ್ತರದ ತಗಡಿಗೆ ಬೆಳ್ಳಿ ಕಾಗದ ಅಂಟಿಸಿ ಕೊಟ್ಟರು.
ಸೂರ್ಯ ಜೋಗಿಮಟ್ಟಿಯ ಕಡೆ ಸರಿದಂತೆಲ್ಲ
ನಾನೂ ಬಂಡೆಯಿಂದ ಬಂಡೆಗೆ ಸರಿದು
ಅವನನ್ನು ಬಗ್ಗಿಸಿ ರಾಣಿಯ ಮುಖಕ್ಕೆ ಹಾಕಬೇಕು.

ರಾಣಿ ಅಂದರೆ ನಾಟಕದ ರಾಚಪ್ಪ.
ಬೋಳಿಸಿ ಬೋಳಿಸಿ ತುಟಿಯ ಮೇಲೆ ಹಸಿರು.
ಮುಖಕ್ಕೆ ಅರಿಶಿನದಂಥ ಬಣ್ಣ ಮೆತ್ತುತ್ತಿದ್ದರು.
ಆ ಫಿಲ್ಮಿಗೆ ಕೆಂಪು ಕಾಣದು,
ಕುಂಕುಮವಿಟ್ಟರೆ ಹಣೆಗೆ ತೂತು ಬಿದ್ದಂತೆ ಕರಿ.
ನೀಲಿ ಆಕಾಶ ಪೂರಾ ಸುಣ್ಣ.
ನಮ್ಮ ದುರ್ಗದ ಆಕಾಶವನ್ನ ಹಾಗೆ ತೊಳೆದುಬಿಟ್ಟದ್ದು
ಇವತ್ತಿಗೂ ನನಗೆ ಸಮಾಧಾನವಿಲ್ಲ.

ಕ್ಯಾಮರಾ ತಿರುಗಿಸುವವನು ಸೂರತ್ತಿನ ಮಗನಲಾಲ.
ರಾಗಿ ಬೀಸುವವರ ಹದ, ಸೆಕೆಂಡಿಗೆ ಎರಡು ಸುತ್ತು,
ಲೆಕ್ಕ ತಪ್ಪದಿರಲೆಂದು ಬಾಯೊಳಗೇ ಭಜನೆ.
ರಾತ್ರಿ ಚಂದವಳ್ಳಿಯ ಗವಿಯಲ್ಲಿ ಕೆಂಪು ಲಾಂದ್ರ ಹಚ್ಚಿ
ಬಾನಿಯಲ್ಲಿ ಚಿತ್ರ ಅದ್ದುತ್ತಿದ್ದ.
ಒಮ್ಮೆ ಬಾವಲಿ ಉಚ್ಚೆ ಹೊಯ್ದು
ಅರ್ಧ ಯುದ್ಧ ಹಾಳಾಯಿತು.

ಮಾರಕ್ಕ ಸೌದೆ ಹೊರುವವಳು.
ಮುತ್ತಿಗೆಯ ದಿನ ಅಳುವ ಹೆಂಗಸರ ಗುಂಪಿಗೆಂದು ಬಂದಳು.
ಅವಳನ್ನು ಮುಂದಕ್ಕೆ ತನ್ನಿ, ಅಂದ ಡೈರೆಕ್ಟರು.
ದೊರೆಯ ಮುಂದೆ ಮೊಣಕಾಲೂರಿ ಮಾತಾಡಬೇಕು.
ದೊರೆ ಅಂದರೆ ಕಂಪನಿಯ ಯಜಮಾನನೇ,
ಕನ್ನಡ ಬಾರದು.
ಏನ್ ಮಾತಾಡ್ಲಿ? ಅಂದಳು.
ಏನಾದರೂ ಆಡು, ಈ ಪೆಟ್ಟಿಗೆಗೆ ಕಿವಿಯಿಲ್ಲ.

ಒಂದು ಗಳಿಗೆ ಪೆಟ್ಟಿಗೆಯ ಕಣ್ಣನ್ನೇ ನೋಡಿದಳು.
ಕೈಮುಗಿದಳು. ಆಮೇಲೆ:
‘ಎಲಾ, ನಿನ್ನ ಕಿರೀಟಕ್ಕೆ ಗೆದ್ದಲು ಹತ್ತ,
ಹನ್ನೊಂದು ದಿನ ಆತಲ್ಲೋ,
ಹನ್ನೊಂದು ದಿನದ ಕೂಲಿ ಯಾವ ಹಗೇವಿನಾಗೆ ಬಚ್ಚಿಟ್ಟೀಯ?
ಕೂಸಿಗೆ ಗಂಜಿ ಕಾಸಾಕೆ ಹಿಡಿ ನವಣೆ ಇಲ್ಲ,
ನೀನು ನೋಡಿದ್ರೆ ದಿನಾ ಕೋಳಿ ಮುರೀತೀಯ...’
ಕಣ್ಣೀರು ಗಲ್ಲದ ಮೇಲೆ ಧಾರೆ.

ನನಗೆ ನಗು. ಹಲ್ಲು ಕಚ್ಚಿದರೂ ಹೊಟ್ಟೆ ಕುಣಿಯಿತು,
ಕೈಯಲ್ಲಿದ್ದ ಸೂರ್ಯ ನಡುಗಿದ.
ಆಮೇಲೆ ನಗು ಹೋಯಿತು.
ನಡುಕ ಹೋಗಲಿಲ್ಲ.
ವಾಹ್, ಅಂದ ಡೈರೆಕ್ಟರು.
ಮಗನಲಾಲ ಬೀಸುತ್ತಲೇ ಇದ್ದ.

ಒಂದು ಬೆಳಗಿನ ಜಾವ ಕಂಪನಿ ರೈಲು ಹತ್ತಿತ್ತು.
ನಾವು ಹೋಗಿ ನೋಡಿದರೆ
ಮೂರು ರಟ್ಟಿನ ಗದೆ, ಒಡೆದ ಬಾನಿ, ನನ್ನ ತಗಡು.
ತಗಡನ್ನು ಮಾರಕ್ಕನೇ ಹೊತ್ತಳು.
ಅವಳ ಬಚ್ಚಲಿಗೆ ಮಾಡಾಯಿತು.

ವರ್ಷ ಕಳೆದ ಮೇಲೆ ದಾವಣಗೆರೆಯ ಡೇರೆಗೆ
ಆ ಸಿನಿಮಾ ಬಂತು. ನಡೆದೇ ಹೋದೆ.
ಹಾರ್ಮೋನಿಯಂ ಉಬ್ಬಸ ಪಡುತ್ತಿತ್ತು.
ಮಾರಕ್ಕನ ಬಾಯಿ ಆಡಿತು, ಅಕ್ಷರ ಬಂತು,
ಕೋಲು ಹಿಡಿದವನು ಎದೆಯುಬ್ಬಿಸಿ ಓದಿದ:
‘ಪ್ರಭುಗಳೇ, ನನ್ನ ಕಂದನನ್ನೂ ಒಪ್ಪಿಸುವೆನು.
ದುರ್ಗ ಉಳಿಯಲಿ!’
ಡೇರೆಗೆ ಡೇರೆಯೇ ಅತ್ತಿತು.
ಅವಳ ಮುಖದ ಮೇಲೆ ನಡುಗುವ ಬೆಳಕು ಕಂಡು
ಪಕ್ಕದ ಮುದುಕಿ, ದೇವಿ ಬಂದ್ಲು, ಅಂತ ಕೈಮುಗಿದಳು.
ದೇವಿಯಲ್ಲ ತಾಯಿ,
ನಾನು.

ಮುಂದಿನ ನೆಲದಲ್ಲಿ ಒಬ್ಬನೇ ನಗುತ್ತಿದ್ದ.
ಹತ್ತಿ ಜಿನ್ನಿನ ಹೊನ್ನೂರಸಾಬ, ಹುಟ್ಟು ಕಿವುಡ.
ಯಂತ್ರದ ಸದ್ದಿನಲ್ಲಿ ಅಲ್ಲಿ ಎಲ್ಲರೂ
ತುಟಿ ನೋಡಿಯೇ ಮಾತು ತಿಳಿಯೋದು,
ಅದಕ್ಕೆ ಅವನೇ ಮೇಷ್ಟ್ರು.
ನಗುತ್ತ ಹಿಂದೆ ತಿರುಗಿದ.
ಎಲ್ಲರ ಮುಖ ಒದ್ದೆ.
ಅವನಿಗೆ ಅರ್ಥವಾಗಲಿಲ್ಲ, ಅಥವಾ ಆಯಿತೋ ಏನೋ,
ಎದ್ದು ನಿಂತು ಬೆಳಕಿನೊಳಗೆ ಎರಡೂ ಕೈ ಎತ್ತಿದ.
ಕೋಟೆಯ ಮೇಲೆ ಹತ್ತು ಬೆರಳಿನ ನೆರಳು.
ಮಡಚಿ, ಮತ್ತೆ ಒಂದು.

ಕೂತ್ಕಳಲೋ, ಏನೂ ಕಾಣ್ತಿಲ್ಲ, ಅಂತ
ಹಿಂದಿನಿಂದ ಜನ ಕೂಗಿದರು.